ಪರದೆ ತುಂಬಿದರೆ ಮಾತ್ರ ಆಟವೇ?

ವಿಂಡೋಸ್‌ನ ‘ಫೋಕಸ್ ಅಸಿಸ್ಟ್’ ಬಂದದ್ದು 2018ರ ಏಪ್ರಿಲ್ ಅಪ್‌ಡೇಟ್‌ನಲ್ಲಿ. 2022ರಲ್ಲಿ ವಿಂಡೋಸ್ 11 ಅದಕ್ಕೆ ‘ಡು ನಾಟ್ ಡಿಸ್ಟರ್ಬ್’ ಎಂದು ಹೆಸರು ಬದಲಿಸಿತು. ಹೆಸರು ಯಾವುದಾದರೂ ಇರಲಿ, ಈ ಸೌಲಭ್ಯಕ್ಕೆ ಸಿಕ್ಕಿರುವ ಹೊಗಳಿಕೆ ಅದರ ಯೋಗ್ಯತೆಯನ್ನು ಮೀರಿದ್ದು. ಅಹಮದಾಬಾದಿನ ರಿಲೀಫ್ ರೋಡ್ ಇರಲಿ, ನಮ್ಮ ಬೆಂಗಳೂರಿನ ಎಸ್‌ಪಿ ರೋಡ್ ಇರಲಿ, ಆಟದ ಮಧ್ಯೆ ನೋಟಿಫಿಕೇಶನ್ ಬಂದು ಕಾಡುತ್ತದೆ ಎಂದರೆ ಎಲ್ಲ ಕಡೆಯೂ ಒಂದೇ ಉತ್ತರ: ಆ ಸೆಟ್ಟಿಂಗ್ ಆನ್ ಮಾಡಿ, ಮುಗಿಯಿತು. ಮುಗಿಯುವುದಿಲ್ಲ. ಯಾಕೆ ಮುಗಿಯುವುದಿಲ್ಲ ಎಂಬುದನ್ನು ಯಾರೂ ಕೂತು ನೋಡಿದಂತೆ ಕಾಣುವುದಿಲ್ಲ.

ಇದು ಚಿಕ್ಕ ಕಿರಿಕಿರಿಯಲ್ಲವೇ ಎನ್ನುವವರು ಲೆಕ್ಕ ನೋಡಬೇಕು. ಕೌಂಟರ್ ಸ್ಟ್ರೈಕ್‌ನಲ್ಲಿ ಬಾಂಬ್ ಇಟ್ಟ ಮೇಲೆ ಉಳಿಯುವುದು 40 ಸೆಕೆಂಡು. ಅದನ್ನು ನಿಷ್ಕ್ರಿಯಗೊಳಿಸಲು 10 ಸೆಕೆಂಡು ಬೇಕು, ಕಿಟ್ ಇದ್ದರೆ 5. ವಿಂಡೋಸ್‌ನ ನೋಟಿಫಿಕೇಶನ್ ಚೀಟಿ, ನಾವು ಬದಲಿಸದಿದ್ದರೆ, ಪರದೆಯ ಮೇಲೆ ನಿಲ್ಲುವುದೂ 5 ಸೆಕೆಂಡು. ಅದು ಬಂದು ಕೂರುವುದು ಬಲಗಡೆ ಕೆಳಮೂಲೆಯಲ್ಲಿ. ಬಂದೂಕಿನಲ್ಲಿ ಎಷ್ಟು ಗುಂಡು ಉಳಿದಿದೆ ಎಂದು ಆಟ ತೋರಿಸುವುದೂ ಅದೇ ಮೂಲೆಯಲ್ಲಿ. ಐದು ಜನರ ತಂಡ ಅರ್ಧ ಗಂಟೆ ಕಟ್ಟಿಕೊಂಡು ಬಂದದ್ದು ಆ ಮೂಲೆಯಲ್ಲಿ, ಆ ಐದು ಸೆಕೆಂಡಿನಲ್ಲಿ ಕೈಬಿಟ್ಟು ಹೋಗಬಹುದು.

ಫೋಕಸ್ ಅಸಿಸ್ಟ್‌ನ ಕೀರ್ತಿಯೆಲ್ಲ ನಿಂತಿರುವುದು ಒಂದು ಸಾಲಿನ ಮೇಲೆ: ‘ನಾನು ಗೇಮ್ ಆಡುವಾಗ’. ಆ ಸಾಲಿನ ಪಕ್ಕದ ಸ್ವಿಚ್ ಒತ್ತಿದರೆ ಆಟ ಶುರುವಾದ ಕೂಡಲೇ ಯಂತ್ರ ತಾನಾಗಿಯೇ ಸುಮ್ಮನಾಗುತ್ತದೆ ಎಂಬುದು ಭರವಸೆ. ಇಲ್ಲಿರುವ ‘ಗೇಮ್’ ಯಾವುದು? 2018ರ ರೂಪದಲ್ಲಿ ಅದು ಡೈರೆಕ್ಟ್‌ಎಕ್ಸ್ ಮೂಲಕ ಇಡೀ ಪರದೆಯನ್ನು ತನ್ನೊಬ್ಬನ ವಶಕ್ಕೆ ತೆಗೆದುಕೊಂಡ ಪ್ರೋಗ್ರಾಂ. ಆಟಗಾರ ಏನು ಮಾಡುತ್ತಿದ್ದಾನೆ ಎಂಬುದು ವಿಂಡೋಸ್‌ಗೆ ಬೇಕಿಲ್ಲ; ಪರದೆ ಯಾರ ವಶದಲ್ಲಿದೆ ಎಂಬುದಷ್ಟೇ ಬೇಕು. ಆದರೆ ಬಹಳಷ್ಟು ಜನ ಆಡುವುದು ಬಾರ್ಡರ್‌ಲೆಸ್ ವಿಂಡೋದಲ್ಲಿ. ಆಟ ಪರದೆಯನ್ನೆಲ್ಲ ತುಂಬಿರುತ್ತದೆ, ವಶಕ್ಕೆ ಪಡೆದಿರುವುದಿಲ್ಲ. ಆಲ್ಟ್ ಟ್ಯಾಬ್ ಒತ್ತಿ ಹೊರಗೆ ಬಂದು ಒಳಗೆ ಹೋಗುವುದು ಸಲೀಸು ಎಂದು ಆ ಆಯ್ಕೆ. ಯಂತ್ರದ ಕಣ್ಣಿಗೆ ಅದು ಆಟವೇ ಅಲ್ಲ! ಈ ತೂತು ಮುಚ್ಚಲೆಂದೇ 2019ರ ಮೇ ಅಪ್‌ಡೇಟ್‌ನಲ್ಲಿ ‘ಫುಲ್ ಸ್ಕ್ರೀನ್‌ನಲ್ಲಿ ಆ್ಯಪ್ ಬಳಸುವಾಗ’ ಎಂಬ ಇನ್ನೊಂದು ಸಾಲು ಸೇರಿಸಿದರು. ಆಗ ಸಿನಿಮಾ ನೋಡುವುದೂ ಆಟವೂ ಒಂದೇ ತಕ್ಕಡಿಗೆ ಬಿದ್ದವು. ಚಿಕ್ಕ ವಿಂಡೋದಲ್ಲಿ ಚೆಸ್ ಆಡುವವನು ಎರಡು ಸಾಲಿಗೂ ಹೊರಗೇ ಉಳಿದ.

ಇದರ ಬೇರು ಇನ್ನೂ ಹಳೆಯದು. ವಿಸ್ಟಾ ಕಾಲದಿಂದ ವಿಂಡೋಸ್‌ನಲ್ಲಿ ‘ಎಸ್‌ಎಚ್‌ಕ್ವೆರಿಯೂಸರ್‌ನೋಟಿಫಿಕೇಶನ್‌ಸ್ಟೇಟ್’ ಎಂಬ ಒಂದು ಫಂಕ್ಷನ್ ಇದೆ. ಯಾವುದೇ ಪ್ರೋಗ್ರಾಂ ಚೀಟಿ ತೋರಿಸುವ ಮೊದಲು ಇದನ್ನು ಕರೆದು, ಬಳಕೆದಾರ ಈಗ ಯಾವ ಸ್ಥಿತಿಯಲ್ಲಿದ್ದಾನೆ ಎಂದು ಕೇಳಬಹುದು. ಬಿಡುವಾಗಿದ್ದಾನೆ, ಕೆಲಸದಲ್ಲಿದ್ದಾನೆ, ಸಭೆಯಲ್ಲಿ ಪರದೆ ತೋರಿಸುತ್ತಿದ್ದಾನೆ, ಫುಲ್ ಸ್ಕ್ರೀನ್ ಗೇಮ್‌ನಲ್ಲಿದ್ದಾನೆ ಎಂದು ಬೇರೆ ಬೇರೆ ಉತ್ತರ ಬರುತ್ತದೆ. ಕೇಳುವ ಕ್ರಮವೇನೋ ಚೆನ್ನಾಗಿದೆ. ಆದರೆ ಕೇಳಿದವರಿಗೆ ಉತ್ತರ ಕೊಡುವ ಈ ಫಂಕ್ಷನ್ ಕೇಳದವರನ್ನು ತಡೆಯುವುದಿಲ್ಲ. ಸಭ್ಯ ಪ್ರೋಗ್ರಾಂ ಕೇಳಿ ಸುಮ್ಮನಾಗುತ್ತದೆ, ಅಸಭ್ಯ ಪ್ರೋಗ್ರಾಂ ಕೇಳದೆ ನುಗ್ಗುತ್ತದೆ. ಫೋಕಸ್ ಅಸಿಸ್ಟ್ ಒಂದು ಹೆಜ್ಜೆ ಮುಂದೆ ಹೋಗಿ ವಿಂಡೋಸ್‌ನ ಸ್ವಂತ ಚೀಟಿ ದಾರಿಗೆ ಬಾಗಿಲು ಇಟ್ಟಿತು, ನಿಜ. ಆ ದಾರಿಯಲ್ಲಿ ಬಾರದವರ ಕತೆ ಹಾಗೇ ಉಳಿಯಿತು. ಆ್ಯಂಟಿವೈರಸ್ ತನ್ನದೇ ಕಿಟಕಿ ತೆರೆದರೆ ಅದು ಚೀಟಿಯಲ್ಲ. ಸ್ಟೀಮ್, ಡಿಸ್ಕಾರ್ಡ್‌ಗಳು ಆಟದ ಚಿತ್ರದ ಮೇಲೇ ‘ಇಂಥ ಗೆಳೆಯ ಆನ್‌ಲೈನ್ ಬಂದ’ ಎಂದು ಬರೆದರೆ ಅದೂ ಚೀಟಿಯಲ್ಲ. ಯಾವುದೋ ಅಪ್‌ಡೇಟರ್ ಅನುಮತಿ ಕೇಳಿದಾಗ ಇಡೀ ಪರದೆ ಮಬ್ಬಾಗಿ, ಹೌದೋ ಅಲ್ಲವೋ ಹೇಳುವವರೆಗೆ ಆಟ ಹಿಂದೆ ಸರಿದು ನಿಲ್ಲುತ್ತದಲ್ಲ, ಅದಕ್ಕೂ ಈ ಬಾಗಿಲಿಗೂ ಸಂಬಂಧವಿಲ್ಲ.

ನನ್ನನ್ನು ನಿಜಕ್ಕೂ ಸಿಟ್ಟಿಗೆಬ್ಬಿಸುವುದು ಬೇರೆ ಎರಡು ವಿವರ. ವಿಂಡೋಸ್ 10ರಲ್ಲಿ ಫೋಕಸ್ ಅಸಿಸ್ಟ್ ತಾನಾಗಿ ಆನ್ ಆದಾಗ, ಆನ್ ಆದೆ ಎಂದು ತಿಳಿಸುವ ನೋಟಿಫಿಕೇಶನ್ ಒಂದನ್ನು ಹಾಕುತ್ತಿತ್ತು. ಆಫ್ ಆದ ಮೇಲೆ, ನೀವು ಇಲ್ಲದಾಗ ಇಷ್ಟೆಲ್ಲ ಬಂದಿತ್ತು ಎಂದು ಒಟ್ಟು ಪಟ್ಟಿ ಒಪ್ಪಿಸುತ್ತಿತ್ತು. ಇನ್ನೊಂದು, ವಿಂಡೋಸ್‌ನ ಗೇಮ್ ಬಾರ್‌ನಲ್ಲಿ ‘ಇದು ಗೇಮ್ ಎಂದು ನೆನಪಿಟ್ಟುಕೋ’ ಎಂಬ ಚೌಕ ಇದ್ದೇ ಇದೆ. ಬಳಕೆದಾರ ತನ್ನ ಬಾಯಾರೆ ಇದು ಆಟ ಎಂದು ಹೇಳುವ ವ್ಯವಸ್ಥೆ ಅದೇ ಕಂಪನಿಯ ಅದೇ ಯಂತ್ರದಲ್ಲಿದೆ. ನೋಟಿಫಿಕೇಶನ್ ಸೆಟ್ಟಿಂಗ್‌ನ ಆ ಹೆಸರುವಾಸಿ ಸಾಲಿನಲ್ಲಿ ಮಾತ್ರ ಯಾವ ಯಾವ ಪ್ರೋಗ್ರಾಂ ನನ್ನ ಆಟ ಎಂದು ಪಟ್ಟಿ ಕೊಡಲು ಜಾಗವಿಲ್ಲ. ಇರುವುದು ಒಂದೇ ಸ್ವಿಚ್.

ಶಿಫ್ಟ್ ಕೀಲಿಯ ವಿಷಯಕ್ಕೆ ಬರೋಣ. ಕೌಂಟರ್ ಸ್ಟ್ರೈಕ್‌ನಲ್ಲಾಗಲಿ ವ್ಯಾಲರಂಟ್‌ನಲ್ಲಾಗಲಿ ಹೆಜ್ಜೆ ಸದ್ದು ಕೇಳದಂತೆ ನಡೆಯಲು ಒತ್ತುವುದು ಶಿಫ್ಟ್. ಎದುರಾಳಿ ಗೋಡೆಯಾಚೆ ಇದ್ದಾನೆ ಎಂದು ಅನುಮಾನ ಬಂದಾಗ ಕೈ ಅದನ್ನು ಒತ್ತಿ ಬಿಟ್ಟು, ಒತ್ತಿ ಬಿಟ್ಟು ಮಾಡುತ್ತದೆ. ಐದನೆಯ ಸಲಕ್ಕೆ ಕಂಪ್ಯೂಟರ್ ಕೀರಲು ದನಿ ಎತ್ತಿ, ಸ್ಟಿಕಿ ಕೀಸ್ ಆನ್ ಮಾಡಬೇಕೇ ಎಂದು ಕೇಳುವ ಚೌಕವನ್ನು ಮುಂದೆ ತಂದು ನಿಲ್ಲಿಸುತ್ತದೆ. ಎರಡು ಕೀಲಿ ಒಟ್ಟಿಗೆ ಒತ್ತಲಾಗದವರಿಗೆ ಸ್ಟಿಕಿ ಕೀಸ್ ದೊಡ್ಡ ಆಸರೆ; ಅದು ಇರಲೇಬೇಕು, ಸುಲಭವಾಗಿ ಸಿಗಲೇಬೇಕು. ಆಟ ನಡೆಯುವಾಗ ಈ ಶಾರ್ಟ್‌ಕಟ್ ಅನ್ನು ತಡೆಹಿಡಿದು, ಮುಗಿದ ಮೇಲೆ ಮೊದಲಿನಂತೆ ಮಾಡುವುದು ಹೇಗೆ ಎಂದು ಮೈಕ್ರೋಸಾಫ್ಟ್ ಆಟ ಬರೆಯುವವರಿಗೆ ಹಿಂದೆಯೇ ತಿಳಿಸಿಕೊಟ್ಟಿದೆ. ಹೊಣೆಯನ್ನು ಆಟ ಬರೆಯುವವರ ಮೇಲೆ ಹಾಕಿ ‘ನಾನು ಗೇಮ್ ಆಡುವಾಗ’ ಎಂಬ ಸಾಲನ್ನು ಇದರಿಂದ ದೂರ ಇಟ್ಟರು. ಆಟಗಾರನಿಗೆ ಮಾತ್ರ ಚೀಟಿಯೂ ಒಂದೇ, ಚೌಕವೂ ಒಂದೇ. ಕಣ್ಣು ಎರಡಕ್ಕೂ ಹೊರಳುತ್ತದೆ.

ಈಗ ಜಗಳದ ಮಾತು. ನಮ್ಮ ಗ್ಯಾಜೆಟ್ ವಿಮರ್ಶಕರು ಒಂದು ಗೇಮಿಂಗ್ ಲ್ಯಾಪ್‌ಟಾಪ್ ಕೈಗೆ ಸಿಕ್ಕರೆ ಸೆಕೆಂಡಿಗೆ ಎಷ್ಟು ಫ್ರೇಮ್, ಎಷ್ಟು ಡಿಗ್ರಿ ಬಿಸಿ, ಫ್ಯಾನ್ ಎಷ್ಟು ಸದ್ದು ಎಂದೆಲ್ಲ ಅಳೆಯುತ್ತಾರೆ. ಹೊಸ ಲ್ಯಾಪ್‌ಟಾಪ್ ಜೊತೆಗೇ ಬರುವ ಟ್ರಯಲ್ ಆ್ಯಂಟಿವೈರಸ್, ಅಪ್‌ಡೇಟರ್, ಕಂಪನಿಯ ಆಫರ್ ತಿಳಿಸುವ ಆ್ಯಪ್ ಒಂದು ಸಂಜೆಯಲ್ಲಿ ಎಷ್ಟು ಸಲ ಅಡ್ಡ ಬಂದವು ಎಂದು ಎಣಿಸಿದ ವಿಮರ್ಶೆ ನನ್ನ ಕಣ್ಣಿಗೆ ಬಿದ್ದಿಲ್ಲ. ಇವರದು ಅಜಾಗರೂಕತೆ ಅಷ್ಟೆ. ಇನ್ನೊಂದು ಗುಂಪಿನದು ಹಾಗಲ್ಲ. ಆಟವೇ ವ್ಯರ್ಥ, ಅದನ್ನು ಯಾರಾದರೂ ತಡೆದರೆ ಒಳ್ಳೆಯದೇ ಆಯಿತು ಎನ್ನುವ ಗಂಭೀರ ಬರಹಗಾರರು ಇವರು. ಗುಜರಾತಿನಲ್ಲಿ ಈ ವಾದ ಬರಹದಲ್ಲಷ್ಟೇ ಉಳಿಯಲಿಲ್ಲ. 2019ರ ಮಾರ್ಚ್‌ನಲ್ಲಿ ರಾಜಕೋಟ್, ಸೂರತ್, ಅಹಮದಾಬಾದ್ ಪೊಲೀಸರು 144ನೇ ಸೆಕ್ಷನ್ ಅಡಿ ಪಬ್‌ಜಿ ಆಡುವುದನ್ನೇ ನಿಷೇಧಿಸಿದರು. ರಾಜಕೋಟ್‌ನಲ್ಲಿ ಹತ್ತು ಯುವಕರನ್ನು ಮೊಬೈಲಿನಲ್ಲಿ ಆಡುತ್ತಿದ್ದರು ಎಂಬ ಕಾರಣಕ್ಕೆ ಬಂಧಿಸಲಾಯಿತು. ಅದಕ್ಕೆ ಆರೇ ತಿಂಗಳ ಹಿಂದೆ, 2018ರ ಜಕಾರ್ತಾ ಏಷ್ಯನ್ ಗೇಮ್ಸ್‌ನಲ್ಲಿ ಇ-ಸ್ಪೋರ್ಟ್ಸ್ ಪ್ರದರ್ಶನ ವಿಭಾಗವಾಗಿದ್ದಾಗ ಹಾರ್ತ್‌ಸ್ಟೋನ್ ಆಟದಲ್ಲಿ ಕಂಚು ಗೆದ್ದವರು ಇದೇ ಗುಜರಾತಿನ ಭುಜ್‌ನ ತೀರ್ಥ್ ಮೆಹ್ತಾ.

ಚೆಸ್ ಬೇರೆ, ಇದು ಬೇರೆ ಎನ್ನುತ್ತಾರೆ ಅವರು. ಸರಿ, ಚೆಸ್‌ನ್ನೇ ನೋಡೋಣ. 2010ರ ಡಿಸೆಂಬರ್ 24ರಂದು ಅಹಮದಾಬಾದಿನ ಗುಜರಾತ್ ವಿಶ್ವವಿದ್ಯಾಲಯದ ಮೈದಾನದಲ್ಲಿ, ವಿಶ್ವನಾಥನ್ ಆನಂದ್ ಸಮ್ಮುಖದಲ್ಲಿ, 20,480 ಜನ ಒಂದೇ ಕಡೆ ಕೂತು ಚೆಸ್ ಆಡಿ ಗಿನ್ನೆಸ್ ದಾಖಲೆ ಮಾಡಿದರು. ಸರಕಾರವೇ ಮುಂದೆ ನಿಂತು ನಡೆಸಿದ ಉತ್ಸವ ಅದು. ಆ ಆಟ ಏಕಾಗ್ರತೆಯನ್ನು ಎಷ್ಟು ಗೌರವಿಸುತ್ತದೆ ಎಂದರೆ, 2003ರ ಯುರೋಪಿಯನ್ ತಂಡ ಚಾಂಪಿಯನ್‌ಶಿಪ್‌ನಲ್ಲಿ ಪೊನೊಮಾರಿಯೊವ್ ಜೇಬಿನ ಮೊಬೈಲ್ ರಿಂಗಾಯಿತೆಂದು ಆ ಪಂದ್ಯವನ್ನೇ ಅವರು ಕಳೆದುಕೊಳ್ಳಬೇಕಾಯಿತು. ಆಗಿನ ಫಿಡೆ ವಿಶ್ವ ಚಾಂಪಿಯನ್ನರಿಗೂ ವಿನಾಯಿತಿ ಇರಲಿಲ್ಲ. ಒಂದು ಆಟದಲ್ಲಿ ಸದ್ದು ಶಿಕ್ಷೆಗೆ ಅರ್ಹವಾದ ತಪ್ಪು. ಇನ್ನೊಂದು ಆಟದಲ್ಲಿ ಆಟವೇ ತಪ್ಪು, ಸದ್ದು ಮಾಡಿದ್ದು ಪುಣ್ಯ. ಇದರಲ್ಲಿ ತರ್ಕವಿಲ್ಲ, ಯಾವ ಆಟ ಯಾರದು ಎಂಬ ಎಣಿಕೆ ಮಾತ್ರ ಇದೆ. 2022ರ ಡಿಸೆಂಬರ್‌ನಲ್ಲಿ ಕೇಂದ್ರ ಸರಕಾರ ಇ-ಸ್ಪೋರ್ಟ್ಸ್‌ಗೆ ಕ್ರೀಡಾ ಸಚಿವಾಲಯದ ಅಡಿ ಜಾಗ ಕೊಟ್ಟ ಮೇಲೂ ನಮ್ಮ ಅಂಕಣಗಳ ದನಿ ಬದಲಾಗಿಲ್ಲ. ವ್ಯಸನ ಇಲ್ಲವೆಂದು ನಾನು ಹೇಳುತ್ತಿಲ್ಲ. ವ್ಯಸನಕ್ಕೆ ಮದ್ದು ಹೊತ್ತು ಗೊತ್ತು ಮಾಡುವುದು. ಆಡುವ ಹೊತ್ತಿನಲ್ಲಿ ಬ್ಯಾಂಕಿನ ಸಾಲದ ಜಾಹೀರಾತು ಮುಖಕ್ಕೆ ಹಿಡಿಯುವುದಲ್ಲ.

ಫೋಕಸ್ ಅಸಿಸ್ಟ್‌ನ್ನು ಒಳ್ಳೆಯ ವಿನ್ಯಾಸದ ಮಾದರಿ ಎಂದು ಹೊಗಳುವವರಿಗೆ ಅಹಮದಾಬಾದ್ ಬೇರೊಂದು ಪಾಠ ಹೇಳಬಲ್ಲದು. ಪಾಲ್ಡಿಯ ರಾಷ್ಟ್ರೀಯ ವಿನ್ಯಾಸ ಸಂಸ್ಥೆ 1961ರಲ್ಲಿ ಹುಟ್ಟಿದ್ದು ಈಮ್ಸ್ ದಂಪತಿ 1958ರಲ್ಲಿ ಕೊಟ್ಟ ವರದಿಯ ಬೆನ್ನಿಗೆ. ಒಂದು ಚೊಂಬನ್ನು ಯಾರು ಹೊರುತ್ತಾರೆ, ಹೇಗೆ ಹಿಡಿಯುತ್ತಾರೆ, ಹೇಗೆ ಸುರಿಯುತ್ತಾರೆ ಎಂದು ಕೇಳಿಕೊಂಡು ಹೋಗುವ ಕ್ರಮ ಅದರಲ್ಲಿತ್ತು. ಅದೇ ಕ್ರಮದಲ್ಲಿ ಕೇಳೋಣ: ಈ ಕಂಪ್ಯೂಟರ್ ಮುಂದೆ ಕೂತವರು ಯಾರು? ಸೂರತ್‌ನ ರಿಂಗ್ ರೋಡ್ ಜವಳಿ ಮಾರ್ಕೆಟ್‌ನಲ್ಲಿ ಸೀರೆ ಡಿಸೈನುಗಳು, ಆರ್ಡರುಗಳು ವಾಟ್ಸಾಪ್‌ನಲ್ಲೇ ಓಡಾಡುತ್ತವೆ. ಅಂಗಡಿ ಮುಚ್ಚಿದ ಮೇಲೆ ಅಪ್ಪ ಮನೆಯ ಕಂಪ್ಯೂಟರಿನಲ್ಲಿ ಟ್ಯಾಲಿ ನೋಡಿ ಎದ್ದು ಹೋಗುತ್ತಾರೆ, ವಾಟ್ಸಾಪ್ ತೆರೆದೇ ಇರುತ್ತದೆ. ಆಮೇಲೆ ಅದೇ ಕುರ್ಚಿಗೆ ಮಗ ಬರುತ್ತಾನೆ, ಡಿಸ್ಕಾರ್ಡ್‌ನಲ್ಲಿ ಗೆಳೆಯರಿಗೆ ಪರದೆ ತೋರಿಸುತ್ತ ಆಡುತ್ತಾನೆ. ಪಾರ್ಟಿಯ ಹೆಸರು, ಮೀಟರಿನ ರೇಟು ಬಲಮೂಲೆಯಲ್ಲಿ ಜಾರಿ ಬರುತ್ತದೆ, ಎಲ್ಲರೂ ಓದುತ್ತಾರೆ. ಮಗ ಅದನ್ನು ಬಂದ್ ಮಾಡಿದರೆ ಬೆಳಿಗ್ಗೆ ಅಪ್ಪನಿಗೆ ಚೀಟಿ ಬರುವುದಿಲ್ಲ. ಒಂದು ಯಂತ್ರ, ಒಬ್ಬನೇ ಯಜಮಾನ ಎಂದು ಎಣಿಸಿ ಮಾಡಿದ ಸೆಟ್ಟಿಂಗ್ ಇದು. ನಮ್ಮ ಮನೆಗಳ ಕಂಪ್ಯೂಟರ್ ಹಾಗಿರುವುದಿಲ್ಲ.

ಇದಕ್ಕಿಂತ ಎಷ್ಟೋ ಮೇಲಾದ, ಯಾರೂ ಹೊಗಳದ ಪದ್ಧತಿಯೊಂದು ಗೇಮಿಂಗ್ ಕೆಫೆಗಳಲ್ಲಿದೆ. ವಡೋದರಾದಲ್ಲಿ, ಎಂ.ಎಸ್. ವಿಶ್ವವಿದ್ಯಾಲಯಕ್ಕೆ ಹತ್ತಿರದ ಫತೇಗಂಜ್‌ನ ಒಂದು ಕೆಫೆಯಲ್ಲಿ ಅದನ್ನು ನೋಡಿದೆ. ಅಲ್ಲಿನ ಯಂತ್ರಗಳಲ್ಲಿ ಮೇಲ್ ಇಲ್ಲ, ವಾಟ್ಸಾಪ್ ಇಲ್ಲ, ಬ್ರೌಸರ್‌ಗೆ ನೋಟಿಫಿಕೇಶನ್ ಕೇಳುವ ಅನುಮತಿಯೇ ಇಲ್ಲ. ಎಲ್ಲ ಸಿದ್ಧ ಮಾಡಿದ ಮೇಲೆ ಡೀಪ್ ಫ್ರೀಜ್ ಹಾಕಿಬಿಡುತ್ತಾರೆ. ಗಿರಾಕಿ ಏನೇ ಇನ್‌ಸ್ಟಾಲ್ ಮಾಡಿದರೂ ಯಂತ್ರ ರೀಸ್ಟಾರ್ಟ್ ಆದೊಡನೆ ಮಾಯ. ಫ್ರೀಜ್ ಮಾಡುವ ಮೊದಲು ಮಾಲೀಕರು ಪ್ರತಿ ಕೀಬೋರ್ಡಿನ ಶಿಫ್ಟ್ ಐದು ಸಲ ಒತ್ತಿ ನೋಡುತ್ತಾರೆ. ಕಾಲೇಜು ಹುಡುಗನೊಬ್ಬ, “ಭಾಯ್, ಇದು ಮಧ್ಯದಲ್ಲಿ ಕೂಗಲ್ವಲ್ಲ?” ಎಂದ. “ಕೂಗಲ್ಲ ಬೇಟಾ, ಕೂತ್ಕೋ,” ಎಂದರು. ಫೋಕಸ್ ಅಸಿಸ್ಟ್ ಬಂದದ್ದನ್ನೆಲ್ಲ ಒಳಗೆ ಬಿಟ್ಟುಕೊಂಡು ಕೊನೆಯ ಗಳಿಗೆಯಲ್ಲಿ ಬಚ್ಚಿಡುತ್ತದೆ. ಈ ಮಾಲೀಕರು ಬರುವ ಕಾರಣವನ್ನೇ ಇಟ್ಟಿಲ್ಲ. ಹುಡುಗ ತನ್ನ ಸ್ಟೀಮ್ ಅಕೌಂಟಿಗೆ ಲಾಗಿನ್ ಆದರೆ ಅವನ ಗೆಳೆಯರ ಸುದ್ದಿ ಅವನ ಹಿಂದೆಯೇ ಬರುತ್ತದೆ, ಅದನ್ನು ಸ್ಟೀಮ್ ಒಳಗೇ ಹೋಗಿ ನಿಲ್ಲಿಸಬೇಕು. ಕೆಫೆಯ ಕ್ರಮಕ್ಕೂ ಅಷ್ಟು ಮಿತಿ ಇದೆ.

ಮನೆಯಲ್ಲಿ ಡೀಪ್ ಫ್ರೀಜ್ ಬೇಕಿಲ್ಲ. ಆಟಕ್ಕೆಂದು ಇನ್ನೊಂದು ಯೂಸರ್ ಅಕೌಂಟ್ ಮಾಡಿದರೆ ಸಾಕು. ಅದರಲ್ಲಿ ನೋಟಿಫಿಕೇಶನ್ ಪೂರ್ತಿ ಆಫ್, ಸ್ಟಿಕಿ ಕೀಸ್‌ನ ಶಾರ್ಟ್‌ಕಟ್ ಆಫ್, ವಾಟ್ಸಾಪ್ ಲಾಗಿನ್ ಇಲ್ಲ. ಅಪ್ಪನ ಅಕೌಂಟಿನಿಂದ ಸೈನ್ ಔಟ್ ಆಗಿ ಇದಕ್ಕೆ ಬಂದರೆ ಅಪ್ಪನ ವ್ಯಾಪಾರ ಅಪ್ಪನ ಕಡೆ ಉಳಿಯುತ್ತದೆ. ಸಭೆಯಲ್ಲಿ ಪರದೆ ತೋರಿಸುವವರಿಗೆ ಫೋಕಸ್ ಅಸಿಸ್ಟ್ ಚೆನ್ನಾಗಿಯೇ ಕೆಲಸ ಮಾಡುತ್ತದೆ, ಆ ಶ್ರೇಯ ಅದಕ್ಕೆ ಸಲ್ಲಲಿ. 2025ರ ಅಕ್ಟೋಬರ್ 14ಕ್ಕೆ ವಿಂಡೋಸ್ 10ರ ಬೆಂಬಲ ನಿಂತ ಮೇಲೆ ಅನೇಕರು ಹೊಸ ಯಂತ್ರ ಕಟ್ಟಿಸಿಕೊಳ್ಳುತ್ತಿದ್ದಾರೆ. ಪ್ರೊಸೆಸರ್‌ಗೆ ಪೇಸ್ಟ್ ಹಚ್ಚಿ, ಕೇಬಲ್‌ಗಳನ್ನು ಅಚ್ಚುಕಟ್ಟಾಗಿ ಕಟ್ಟಿಕೊಡುವ ರಿಲೀಫ್ ರೋಡಿನ ಹುಡುಗರು ಈ ಎರಡನೆಯ ಅಕೌಂಟನ್ನೂ ಮಾಡಿಕೊಟ್ಟು ಬಿಲ್ಲಿನಲ್ಲಿ ಬೇರೆ ಸಾಲಾಗಿ ಬರೆಯಲಿ. ಆ ದುಡ್ಡು ಗ್ರಾಫಿಕ್ಸ್ ಕಾರ್ಡಿಗೆ ಕೊಟ್ಟಷ್ಟೇ ಸಂತೋಷದಿಂದ ಕೊಡಬಹುದು.