ಬಯಸಿದ ವೇಗ, ಸಿಕ್ಕಿದ ವೇಗ

ಡಲ್ಲಾಸಿನಿಂದ ಆಸ್ಟಿನ್‌ಗೆ ಐ-35ರಲ್ಲೋ ಹ್ಯೂಸ್ಟನ್‌ಗೆ ಐ-45ರಲ್ಲೋ ಓಡಾಡುವ ಕನ್ನಡಿಗರಿಗೆ ಹತ್ತಿರದ್ದೆನಿಸುವ ಗಣಿತದ ಪುಸ್ತಕವೊಂದಿದೆ. ಇಲ್ಯಾ ಪ್ರಿಗೊಜಿನ್ ಮತ್ತು ರಾಬರ್ಟ್ ಹರ್ಮನ್ 1971ರಲ್ಲಿ ಪ್ರಕಟಿಸಿದ ‘ಕೈನೆಟಿಕ್ ಥಿಯರಿ ಆಫ್ ವೆಹಿಕ್ಯುಲರ್ ಟ್ರಾಫಿಕ್’. ಪ್ರಿಗೊಜಿನ್ 1967ರಿಂದ ಆಸ್ಟಿನ್ನಿನ ಟೆಕ್ಸಾಸ್ ವಿಶ್ವವಿದ್ಯಾಲಯದಲ್ಲಿ ಸಂಶೋಧನಾ ಕೇಂದ್ರ ನಡೆಸಿದವರು, 1977ರಲ್ಲಿ ರಸಾಯನಶಾಸ್ತ್ರದ ನೊಬೆಲ್ ಪಡೆದವರು. ಭೌತವಿಜ್ಞಾನಿ ಹರ್ಮನ್ ಜನರಲ್ ಮೋಟರ್ಸ್ ಬಿಟ್ಟು 1979ರಲ್ಲಿ ಅದೇ ವಿಶ್ವವಿದ್ಯಾಲಯ ಸೇರಿದರು.

ಅನಿಲದ ಅಣುಗಳ ಡಿಕ್ಕಿಯನ್ನು ಲೆಕ್ಕ ಹಾಕಲು ಬೋಲ್ಟ್ಸ್‌ಮನ್ ಕಟ್ಟಿದ ಸಮೀಕರಣವನ್ನು ಇವರು ರಸ್ತೆಗೆ ತಂದರು. ಅಣುವಿಗಿಲ್ಲದ ಒಂದು ಗುಣವನ್ನು ಮಾತ್ರ ಸೇರಿಸಿದರು: ‘ಬಯಸಿದ ವೇಗ’. ರಸ್ತೆ ಖಾಲಿಯಿದ್ದರೆ ಚಾಲಕರು ಆ ವೇಗಕ್ಕೆ ಏರುತ್ತಾರೆ. ಮುಂದಿನ ನಿಧಾನದ ಗಾಡಿಯನ್ನು ದಾಟಲಾಗದಿದ್ದರೆ ಅದರ ವೇಗಕ್ಕೆ ಇಳಿಯುತ್ತಾರೆ. ದಟ್ಟಣೆ ಒಂದು ಮಿತಿ ಮೀರಿತೋ, ಯಾರು ಎಷ್ಟು ವೇಗ ಬಯಸಿದ್ದರೆಂಬುದು ಲೆಕ್ಕಕ್ಕೇ ಬರುವುದಿಲ್ಲ. ಅವಸರದವರಿಗೂ ಆರಾಮಿನವರಿಗೂ ಒಂದೇ ಗತಿ! 1979ರಲ್ಲಿ ಇದೇ ಜೋಡಿ ಊರೊಳಗಿನ ಸಂಚಾರವನ್ನು ಓಡುವ ಕಾರುಗಳು, ನಿಂತ ಕಾರುಗಳು ಎಂಬ ಎರಡು ದ್ರವಗಳಾಗಿ ನೋಡಿತು. ಮುಂದೆ ಆಸ್ಟಿನ್, ಹ್ಯೂಸ್ಟನ್ ಬೀದಿಗಳಲ್ಲಿ ಅದನ್ನು ಅಳೆದೂ ನೋಡಲಾಯಿತು.

ಈ ಕೆಲಸದ ದೊಡ್ಡತನವೆಂದರೆ ಅದು ಯಾರನ್ನೂ ದೂರುವುದಿಲ್ಲ. ಜಾಮ್ ಆಗಲು ಕೆಟ್ಟ ಚಾಲಕ ಬೇಕಿಲ್ಲ, ಎಲ್ಲರೂ ಸಭ್ಯರಾಗಿದ್ದರೂ ಸಾಕು.

ಆದರೆ ನಮ್ಮ ತಕರಾರು ಆ ‘ಬಯಕೆ’ಯ ಬಗ್ಗೆ. 1975ರಲ್ಲೇ ಪಾವೆರಿ-ಫೊಂಟಾನಾ ಒಂದು ಕೊರತೆಯನ್ನು ತೋರಿಸಿದ್ದರು: ಇಲ್ಲಿ ಬಯಕೆ ಇಡೀ ಗುಂಪಿನ ಸೊತ್ತು, ಒಬ್ಬೊಬ್ಬ ಚಾಲಕನದಲ್ಲ. ಅವರು ಪ್ರತಿ ಚಾಲಕನಿಗೂ ಅವನವನ ಬಯಕೆಯನ್ನು ಕೊಟ್ಟರು. ಅಲ್ಲಿಯೂ ಬಯಕೆ ಹೊರಟಲ್ಲಿಂದ ಮುಟ್ಟುವವರೆಗೂ ಬದಲಾಗುವುದಿಲ್ಲ.

ಅನಂತಮೂರ್ತಿಯವರ ‘ಸಂಸ್ಕಾರ’ವನ್ನು ಪಕ್ಕದಲ್ಲಿಟ್ಟು ನೋಡೋಣ. ಪ್ರಾಣೇಶಾಚಾರ್ಯರ ದಾರಿಗೆ ಅಡ್ಡ ಬಂದದ್ದು ನಿಧಾನದ ಗಾಡಿಯಲ್ಲ. ಅವರು ಏನನ್ನು ಬಯಸುತ್ತಿದ್ದರೋ ಅದೇ ಬುಡಮೇಲಾಯಿತು. ಸಮೀಕರಣ ಬಯಕೆಯನ್ನು ಕೊಟ್ಟದ್ದೆಂದು ಹಿಡಿದು ಮುಂದೆ ಸಾಗುತ್ತದೆ, ಕಾದಂಬರಿ ಅದು ಎಲ್ಲಿಂದ ಬಂತೆಂದು ಕೇಳುತ್ತದೆ. ಇಸಾಬೆಲ್ ಸ್ಟೆಂಜರ್ಸ್ ಜೊತೆ ಬರೆದ ‘ಆರ್ಡರ್ ಔಟ್ ಆಫ್ ಕೇಯಾಸ್’ (1984) ಪುಸ್ತಕದಲ್ಲಿ ಪ್ರಿಗೊಜಿನ್ ಗೆದ್ದಲಿನ ಗೂಡಿನಿಂದ ಊರುಗಳ ಬೆಳವಣಿಗೆಯವರೆಗೂ ಕೈ ಚಾಚಿದಾಗ ಈ ವ್ಯತ್ಯಾಸ ನೆನಪಿರಬೇಕು.

ಇದು ಬರೀ ಸಾಹಿತ್ಯದ ಜಗಳವಲ್ಲ. ಜನರಿಗೆ ಏನು ಬೇಕೆಂದು ಊಹಿಸುವ ಪ್ರೋಗ್ರಾಂಗಳನ್ನು ನಮ್ಮಲ್ಲೇ ಹಲವರು ಬರೆಯುತ್ತೇವೆ. ಊಹಿಸಿದ್ದನ್ನೇ ದಿನವೂ ತೋರಿಸುತ್ತಾ ಹೋದರೆ ಬಯಕೆಯೂ ಅದೇ ಅಚ್ಚಿಗೆ ಇಳಿಯುತ್ತದೆ. ಹರ್ಮನ್, ಪ್ರಿಗೊಜಿನ್ ಅವರ ಗಣಿತ ಯಾರ ಬಯಕೆಯನ್ನೂ ತಿದ್ದಲು ಹೋಗಲಿಲ್ಲ. ಆ ಸಂಯಮವನ್ನಾದರೂ ನಾವು ಅವರಿಂದ ಕಲಿಯಬಹುದು.