ಸಾಕವ್ವನ ದನಿ ಮತ್ತು ನಮ್ಮ ಮರ್ಯಾದೆ

ಬಿ.ಸಿ.ರೋಡಿನ ನನ್ನ ತರಗತಿಯಲ್ಲಿ ದೇವನೂರ ಮಹಾದೇವರ ‘ಒಡಲಾಳ’ ಓದುತ್ತಿದ್ದೆ. ಕಳೆದುಹೋದ ಹುಂಜಕ್ಕಾಗಿ ಸಾಕವ್ವ ಊರಿಗೇ ಕೇಳುವಂತೆ ಬೈಯುವ ಭಾಗ. ತುಳು, ಬ್ಯಾರಿ ಮಾತಾಡುವ ಮಕ್ಕಳಿಗೆ ಮೈಸೂರು ಸೀಮೆಯ ಆ ಕನ್ನಡ ಹೊಸತು. ತರಗತಿ ನಕ್ಕಿತು. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಮಾತ್ರ ನಗಲಿಲ್ಲ. ಆಮೇಲೆ ಕೇಳಿದರೆ, ‘ನಮ್ಮ ಅಜ್ಜಿಯೂ ಹೀಗೇ ಸರ್, ಅದರಲ್ಲಿ ನಗುವಂಥದ್ದು ಎಂಥದು?’ ಅಂದಳು. ನಾನು ಸುಮ್ಮನಾದೆ. ಬಸ್‌ಸ್ಟ್ಯಾಂಡಿನಲ್ಲಿ ಅಮ್ಮ ಗಟ್ಟಿಯಾಗಿ ಮಾತಾಡಿದಾಗ ‘ಸ್ವಲ್ಪ ಮೆಲ್ಲ’ ಅಂದವನು ನಾನೂ ಹೌದಲ್ವಾ?

ಈ ಮುಜುಗರದಿಂದಲೇ ಉಮಾಶ್ರೀಯವರ ಬಗ್ಗೆ ಬರೆಯಬೇಕು ಅನ್ನಿಸಿತು. ಸಿ.ಜಿ. ಕೃಷ್ಣಸ್ವಾಮಿಯವರು ‘ಒಡಲಾಳ’ವನ್ನು ರಂಗಕ್ಕೆ ತಂದಾಗ ಸಾಕವ್ವ ಆದವರು ಅವರು. ತಿಪಟೂರು ತಾಲೂಕಿನ ನೊಣವಿನಕೆರೆಯಲ್ಲಿ ಹುಟ್ಟಿದ ಈ ನಟಿ ಸಿನಿಮಾದಲ್ಲಿ ಹೆಸರಾದದ್ದು 1984ರ, ಕಾಶೀನಾಥರ ‘ಅನುಭವ’ದಿಂದ. ಆಮೇಲೆ ವರ್ಷಗಟ್ಟಲೆ ದ್ವಂದ್ವಾರ್ಥದ ಹಾಸ್ಯ ಪಾತ್ರಗಳು. ನಮ್ಮ ವಿಮರ್ಶೆ ಈ ಬದುಕನ್ನು ಎರಡು ಸೀಳು ಮಾಡುತ್ತದೆ. ‘ಒಡಲಾಳ’ ಕಲೆ, ಸಿನಿಮಾ ಹೊಟ್ಟೆಪಾಡು. ಒಂದನ್ನು ಹೊಗಳಿ ಇನ್ನೊಂದನ್ನು ಕ್ಷಮಿಸುತ್ತದೆ. ಕ್ಷಮಿಸಲಿಕ್ಕೆ ನಾವು ಯಾರು? ಮಡಿ-ಮೈಲಿಗೆಯ ಲೆಕ್ಕ ವಿಮರ್ಶೆಯೊಳಗೂ ನುಸುಳುವುದು ಹೀಗೆಯೇ.

ಎರಡೂ ಕಡೆ ಇರುವುದು ಅದೇ ದನಿ, ಅದೇ ಅಂಜಿಕೆಯಿಲ್ಲದ ಮೈ. ಬೇರೆಯಾದದ್ದು ನಗುವಿನ ಒಡೆತನ. ಆ ಹಾಸ್ಯದಲ್ಲಿ ಗಟ್ಟಿ ದನಿಯ ಹೆಂಗಸು ಬೇರೆಯವರ ನಗೆಗೆ ಸರಕು. ‘ಒಡಲಾಳ’ದಲ್ಲಿ ನಗು ಆ ಮನೆಯವರದೇ. ಕದ್ದು ತಂದ ಕಡಲೆಕಾಯಿಯನ್ನು ರಾತ್ರಿ ಮನೆಮಂದಿಯೆಲ್ಲ ಕೂತು ತಿನ್ನುವಾಗ ಅದು ಹಬ್ಬ. ಹಸಿವಿದೆ, ದೈನ್ಯವಿಲ್ಲ. ದಲಿತರ ಬದುಕು ಅಂದರೆ ಗೋಳು ಅಂತ ಕಾದು ಕೂತ ಪ್ರೇಕ್ಷಕನಿಗೆ ಸಾಕವ್ವ ಕಣ್ಣೀರು ಒರೆಸುವ ಪುಣ್ಯವನ್ನು ಕೊಡುವುದಿಲ್ಲ.

ಗಿರೀಶ ಕಾಸರವಳ್ಳಿಯವರ ‘ಗುಲಾಬಿ ಟಾಕೀಸ್’ ಕರಾವಳಿಯ ನಮ್ಮನ್ನು ಇನ್ನೂ ಹತ್ತಿರದಿಂದ ಕೇಳುತ್ತದೆ. ವೈದೇಹಿಯವರ ಕಥೆ ಆಧರಿಸಿದ ಈ ಚಿತ್ರಕ್ಕೆ ಉಮಾಶ್ರೀಯವರಿಗೆ 2007ರ ಸಾಲಿನ ಶ್ರೇಷ್ಠ ನಟಿ ರಾಷ್ಟ್ರಪ್ರಶಸ್ತಿ ಬಂತು. ಮೀನುಗಾರರ ಊರಿನ ಮುಸ್ಲಿಂ ಸೂಲಗಿತ್ತಿ ಗುಲಾಬಿ. ಮನೆಗೆ ಟೀವಿ ಬಂದಾಗ ಊರ ಹೆಂಗಸರು ಅಲ್ಲಿ ಸೇರುತ್ತಾರೆ. 1999ರ ಕಾರ್ಗಿಲ್ ಯುದ್ಧದ ಹೊತ್ತಿಗೆ ಸಂಶಯ ಬೆಳೆದು ಅವಳು ಒಂಟಿಯಾಗುತ್ತಾಳೆ. ಊರವರ ಹೆರಿಗೆ ಮಾಡಿಸಿದ ಕೈ ಊರಿಗೇ ಬೇಡವಾಗುತ್ತದೆ. ಇಲ್ಲಿ ನಟಿಯ ದನಿ ತಗ್ಗಿದೆ. ಬೈಯಲಿಕ್ಕೂ ಒಂದು ಕೇರಿ ಬೇಕು, ಕೇಳಿಸಿಕೊಳ್ಳುವ ನೆರೆ ಬೇಕು. ಸಾಕವ್ವನಿಗೆ ಅದಿತ್ತು. ಗುಲಾಬಿಗೆ ತಪ್ಪಿಹೋಯಿತು. ದಲಿತ ವಿಮರ್ಶೆ ಗುಲಾಬಿಯನ್ನು ‘ಬೇರೆಯವರ ಸಮಸ್ಯೆ’ ಅಂತ ಬಿಟ್ಟರೆ ಅದು ಸಾಕವ್ವನನ್ನೂ ಪೂರ್ತಿ ಓದಿಲ್ಲ.

2013ರಲ್ಲಿ ತೇರದಾಳದಿಂದ ಗೆದ್ದ ಉಮಾಶ್ರೀ ಕನ್ನಡ ಮತ್ತು ಸಂಸ್ಕೃತಿ ಸಚಿವೆಯೂ ಆದರು. ‘ಅಸಭ್ಯ’ ಅನ್ನಿಸಿಕೊಂಡ ದನಿ ಸಂಸ್ಕೃತಿ ಇಲಾಖೆಯ ಕುರ್ಚಿಯಲ್ಲಿ ಕೂತಿತು. ಸಂತೋಷವೇ. ಆದರೆ ತರಗತಿಯ ನಗು ಹಾಗೇ ಉಳಿದಿದೆಯಲ್ಲ!

ಮರುದಿನ ಅದೇ ಭಾಗವನ್ನು ಆ ಹುಡುಗಿಯಿಂದ ಓದಿಸಿದೆ. ತನ್ನ ಅಜ್ಜಿಯ ರಾಗದಲ್ಲಿ, ಗಟ್ಟಿಯಾಗಿ ಓದಿದಳು. ಮೆಲ್ಲ ಓದು ಅಂತ ನಾನು ಹೇಳಲಿಲ್ಲ.