ಡಿಸ್ಟ್ರೋಫಿನ್ ಎಂಬ ಕಟ್ಟುಹಗ್ಗ

ನೆಲದ ಮೇಲೆ ಕೂತ ನಾಲ್ಕೈದು ವರ್ಷದ ಹುಡುಗ ಅಂಗೈ ಊರಿ, ಆಮೇಲೆ ಮೊಣಕಾಲು, ತೊಡೆ ಹೀಗೆ ಒಂದೊಂದನ್ನೇ ಒತ್ತಿ ಹಿಡಿದು ಎದ್ದು ನಿಂತರೆ ವೈದ್ಯರಿಗೆ ಡುಷೆನ್ ಎಂಬ, ಸ್ನಾಯು ಸವೆಯುವ ಕಾಯಿಲೆಯ ಅನುಮಾನ ಬರುತ್ತದೆ. ಆ ಕಾಯಿಲೆಯಲ್ಲಿ ಇಲ್ಲವಾಗುವುದು ಡಿಸ್ಟ್ರೋಫಿನ್.

ಎಂಥ ಪ್ರೋಟೀನು ಅದು! ಸ್ನಾಯುವಿನಲ್ಲಿ ಅದರ ಪಾಲು ತೀರಾ ಅತ್ಯಲ್ಪ. ಎಳೆಯುವ ಕೆಲಸ ಆ್ಯಕ್ಟಿನ್, ಮಯೋಸಿನ್‌ಗಳದ್ದು, ಹೆಸರೂ ಅವಕ್ಕೇ. ಡಿಸ್ಟ್ರೋಫಿನ್ ಜೀವಕೋಶದ ಪೊರೆಯ ಒಳಮಗ್ಗುಲಲ್ಲಿದ್ದು, ಒಂದು ತುದಿಯಲ್ಲಿ ಆ್ಯಕ್ಟಿನ್ ಎಳೆಯನ್ನೂ ಇನ್ನೊಂದರಲ್ಲಿ ಪೊರೆಯ ಪ್ರೋಟೀನುಗಳನ್ನೂ ಹಿಡಿದಿರುತ್ತದೆ, ಡೇರೆಯನ್ನು ಗೂಟಕ್ಕೆ ಬಿಗಿದ ಹಗ್ಗದ ಹಾಗೆ. ಅದಿಲ್ಲದಿದ್ದರೆ ಸ್ನಾಯು ಸೆಳೆದಾಗೆಲ್ಲ ಪೊರೆ ಹರಿಯುತ್ತದೆ, ಕ್ಯಾಲ್ಸಿಯಂ ಒಳನುಗ್ಗುತ್ತದೆ, ತಂತುಗಳು ಸಾಯುತ್ತವೆ. ಆ ಜಾಗದಲ್ಲಿ ಕೊಬ್ಬು, ನಾರು ಬಂದು ಕೂರುತ್ತವೆ. ಮೀನಖಂಡ ದಪ್ಪಗೆ ಕಂಡರೂ ಕಸುವಿರುವುದಿಲ್ಲ.

ನನಗೆ ಹೆಚ್ಚು ಇಷ್ಟವಾಗುವುದು ಅದರ ನಡುಭಾಗ: ಹೆಚ್ಚುಕಡಿಮೆ ಒಂದೇ ಬಗೆಯ 24 ಘಟಕಗಳ ಸಾಲು. 1990ರಲ್ಲಿ ವರದಿಯಾದ ಒಬ್ಬ ರೋಗಿಯಲ್ಲಿ ಡಿಸ್ಟ್ರೋಫಿನ್‌ನ ಶೇ. 46ರಷ್ಟು ಭಾಗ ಇರಲೇ ಇಲ್ಲ. ಹೋದದ್ದು ನಡುವಿನದು, ತುದಿಗಳು ಉಳಿದಿದ್ದವು. 61ನೇ ವಯಸ್ಸಿನಲ್ಲೂ ಆತ ನಡೆದಾಡುತ್ತಿದ್ದ! ಡಿಸ್ಟ್ರೋಫಿನ್‌ನ ಭಾರೀ ಜೀನನ್ನು ಮೊಟಕುಗೊಳಿಸಿ, ವೈರಸ್‌ನೊಳಗೆ ತುಂಬಿ ಮಕ್ಕಳಿಗೆ ಕೊಡುವ ಧೈರ್ಯ ವಿಜ್ಞಾನಿಗಳಿಗೆ ಬಂದದ್ದು ಇಂಥವರಿಂದ. ಅಮೆರಿಕದಲ್ಲಿ 2023ರಲ್ಲಿ ಅಂಥ ಚಿಕಿತ್ಸೆಗೆ ಒಪ್ಪಿಗೆಯೂ ಸಿಕ್ಕಿತು. ಫಲ ಮಾತ್ರ ಇನ್ನೂ ಅರೆಬರೆ.